ಹುತ್ತರಿ ಕೋಲಾಟ ಮತ್ತು ಎರಡು ಫ್ರೇಮಿನ ಲೆಕ್ಕ

ಕೊಡಗಿನ ಸುಗ್ಗಿಹಬ್ಬವಾದ ಹುತ್ತರಿಯ ಕೋಲಾಟವನ್ನು ಮಂದ್‌ನ, ಅಂದರೆ ಊರ ಬಯಲಿನ, ಅಂಚಿನಿಂದ, ಸುಮಾರು 30 ಮೀಟರ್ ದೂರದಲ್ಲಿ ನಿಂತು ಚಿತ್ರೀಕರಿಸಿದರೆ, ಕೋಲಿಗೆ ಕೋಲು ತಾಗಿದ ಸದ್ದು ಕ್ಯಾಮೆರಾದ ಮೈಕಿಗೆ ಎರಡು ಫ್ರೇಮ್ (ಚಲನಚಿತ್ರದ ಒಂದೊಂದು ಬಿಡಿ ಚಿತ್ರ) ತಡವಾಗಿ ತಲುಪುತ್ತದೆ. ಚಿತ್ರ ಸೆಕೆಂಡಿಗೆ 24 ಫ್ರೇಮ್‌ನಂತೆ ಓಡುವಾಗ, ಒಂದು ಫ್ರೇಮಿನ ಅವಧಿಯಲ್ಲಿ ಸದ್ದು ಸಾಗುವುದು ಸುಮಾರು 14 ಮೀಟರ್ ಮಾತ್ರ. ನೋಡುವವರಿಗೆ ಕಾರಣ ಹೊಳೆಯದಿದ್ದರೂ ತಾಳ ತಪ್ಪಿದಂತೆನಿಸುತ್ತದೆ. ಧ್ವನಿಯನ್ನು ಆ ಎರಡು ಫ್ರೇಮ್ ಹಿಂದಕ್ಕೆ ಸರಿಸಿ ಕೂಡಿಸುವ ಕೆಲಸವನ್ನು ಇಂದು ಮಡಿಕೇರಿಯ ಮನೆಯೊಂದರಲ್ಲಿ ಕುಳಿತೇ ಮಾಡಬಹುದು.

ಮೊದಲ ಕೊಡವ ಚಿತ್ರ 'ನಾಡ ಮಣ್ಣ್ ನಾಡ ಕೂಳ್' ಬಂದ 1972ರ ಹೊತ್ತಿಗೆ ಅದು ಸಾಧ್ಯವಿರಲಿಲ್ಲ. ಆಗ ಸಂಕಲನವೆಂದರೆ ಫಿಲ್ಮ್ ತೊಳೆಯುವ ಲ್ಯಾಬ್ ಇದ್ದ ಊರಿನ ಕೆಲಸ. 35 ಎಂಎಂ ಫಿಲ್ಮಿನ ಒಂದು ಅಡಿಯಲ್ಲಿ 16 ಫ್ರೇಮ್, ನಿಮಿಷಕ್ಕೆ 90 ಅಡಿ. ಎರಡೂವರೆ ಗಂಟೆಯ ಚಿತ್ರಕ್ಕೆ 13,500 ಅಡಿ. ರಶ್ ಪ್ರಿಂಟನ್ನು (ಸಂಕಲನಕ್ಕೆಂದು ತೆಗೆದ ಕಚ್ಚಾ ಪ್ರತಿ) ಮೂವಿಯೋಲಾ ಎಂಬ ಸಂಕಲನ ಯಂತ್ರದಲ್ಲಿ ಓಡಿಸಿ, ಮೇಣದ ಪೆನ್ಸಿಲ್‌ನಿಂದ ಗುರುತು ಹಾಕಿ, ಕತ್ತರಿಸಿ, ಟೇಪಿನಿಂದ ಅಂಟಿಸುತ್ತಿದ್ದರು. ಕತ್ತರಿಸಿ ಉಳಿದ ತುಂಡುಗಳಿಗೆ ಸಂಖ್ಯೆ ಬರೆದು ಜೋಡಿಸಿಡುತ್ತಿದ್ದ ಸಹಾಯಕ, ಆ ಬೇಸರದ ಕೆಲಸದ ನಡುವೆಯೇ, ಪಕ್ಕದಲ್ಲಿ ಕುಳಿತ ಹಿರಿಯರು ಒಂದು ಶಾಟನ್ನು ಏಕೆ ಇನ್ನಷ್ಟು ಹೊತ್ತು ನಿಲ್ಲಿಸಿದರು ಎಂಬುದನ್ನು ಕಲಿಯುತ್ತಿದ್ದ.

ಕಂಪ್ಯೂಟರಿನಲ್ಲೇ ಸಂಕಲನ ಮಾಡುವ ವ್ಯವಸ್ಥೆಗಳಾದ ಅವಿಡ್ 1989ರಲ್ಲಿ, ಫೈನಲ್ ಕಟ್ ಪ್ರೊ 1999ರಲ್ಲಿ ಬಂದ ಮೇಲೆ ಯಂತ್ರ ಮೇಜಿನಷ್ಟಾಯಿತು, ಕ್ರಮೇಣ ಲ್ಯಾಪ್‌ಟಾಪ್‌ನಷ್ಟಾಯಿತು. ಸ್ವತಂತ್ರ ಸಂಕಲನಕಾರ ಎಂಬ ವೃತ್ತಿ ಕೊಡಗಿನಂಥ ರೈಲೂ ಇಲ್ಲದ ಜಿಲ್ಲೆಗೆ ಸಾಧ್ಯವಾದದ್ದು ಹೀಗೆ. ಆದರೆ ಸಹಾಯಕನ ಆ ಕುರ್ಚಿ ಇಲ್ಲವಾಯಿತು, ಮತ್ತು ಈ ಬದಲಾವಣೆಯಲ್ಲಿ ನಾವು ಕಳೆದುಕೊಂಡದ್ದರಲ್ಲಿ ದೊಡ್ಡದು ಅದೇ ಎಂದು ನನಗನ್ನಿಸುತ್ತದೆ. ಈಗ ಶಾಟ್‌ಗಳ ವಿಂಗಡಣೆ, ಧ್ವನಿ ಹೊಂದಿಕೆ, ಬಣ್ಣ, ಉಪಶೀರ್ಷಿಕೆ, ಮುಗಿಯದ ತಿದ್ದುಪಡಿಗಳು ಎಲ್ಲವೂ ಒಬ್ಬರ ತಲೆಯ ಮೇಲೆ.

ಕೋಲಾಟದ ದೃಶ್ಯ ಸಂಕಲನಕಾರರನ್ನು ಇನ್ನೊಂದು ಬಗೆಯಲ್ಲೂ ಪರೀಕ್ಷಿಸುತ್ತದೆ. ಆಟ ವೃತ್ತದಲ್ಲಿ ಸಾಗುವುದರಿಂದ, ಒಂದು ಕ್ಯಾಮೆರಾದಲ್ಲಿ ಎಡದಿಂದ ಬಲಕ್ಕೆ ಹೋದವನು ಎದುರು ಬದಿಯ ಕ್ಯಾಮೆರಾದಲ್ಲಿ ಬಲದಿಂದ ಎಡಕ್ಕೆ ಹೋಗುತ್ತಾನೆ. ನೇರವಾಗಿ ಕತ್ತರಿಸಿದರೆ ಆತ ತಿರುಗಿ ಬಂದಂತೆ ಕಾಣುತ್ತದೆ. ನಡುವೆ ಪಾದಗಳದ್ದೋ, ನೋಡುತ್ತಿರುವ ಅಜ್ಜಿಯ ಮುಖದ್ದೋ ಶಾಟ್ ಇಟ್ಟರೆ ಕಣ್ಣು ದಿಕ್ಕನ್ನು ಮರೆತು ಮುಂದೆ ಸಾಗುತ್ತದೆ. ದುಡಿ ಎಂಬ ಕೈವಾದ್ಯದ ಪ್ರತಿ ಪೆಟ್ಟಿಗೂ ಕತ್ತರಿಸುವ ಆತುರವನ್ನು ಬಿಟ್ಟು ಒಂದು ಸುತ್ತು ಪೂರ್ತಿಯಾಗಲು ಬಿಡುವುದೇ ಹೆಚ್ಚಿನ ಸಲ ಸರಿ, ಏಕೆಂದರೆ ಮಂದ್‌ನ ಆಟದ ಉಸಿರು ಆ ಸುತ್ತಿನಲ್ಲಿದೆ.

ಮನೆಯಲ್ಲೇ ಸಂಕಲನ ಮಾಡುವವರಿಗೆ ಇನ್ನೊಂದು ತೊಡಕು ಕೊಡಗಿನ ಮಳೆ. ಮಳೆಗಾಲದಲ್ಲಿ ಕರೆಂಟು ಯಾವಾಗ ಹೋಗುತ್ತದೋ ಹೇಳಲಾಗದು, ತೇವ ಎಲ್ಲೆಲ್ಲೂ ನುಗ್ಗುತ್ತದೆ. ಹಾರ್ಡ್ ಡಿಸ್ಕನ್ನು ಸಿಲಿಕಾ ಜೆಲ್ ಹಾಕಿದ ಬಿಗಿ ಮುಚ್ಚಳದ ಡಬ್ಬಿಯಲ್ಲಿಡಬೇಕು. 2018ರ ಆಗಸ್ಟ್‌ನಲ್ಲಿ ಗುಡ್ಡಗಳು ಜರಿದು ಮನೆಗಳೇ ಹೋದದ್ದನ್ನು ಕಂಡ ಜಿಲ್ಲೆಯಲ್ಲಿ ಎಲ್ಲ ಪ್ರತಿಗಳನ್ನೂ ಒಂದೇ ಸೂರಿನಡಿ ಇಡುವುದು ತರವಲ್ಲ. ಎರಡನೆಯದು ಮೈಸೂರಿನಲ್ಲಿರುವ ನೆಂಟರ ಕಪಾಟಿನಲ್ಲಾದರೂ ಇರಬೇಕು.