55 ಟನ್ ರೋಬೋ ಮತ್ತು ಎರೆ ಹೊಲ

ಮೇ ತಿಂಗಳ ವಿಜಯಪುರ ಹೇಗಿರುತ್ತದೆ ಅಂತ ಗೊತ್ತಲ್ವಾ. ಮಧ್ಯಾಹ್ನ ನಲ್ಲಿ ತಿರುಗಿಸಿದರೆ ಕೈ ಸುಡುವ ನೀರು. ರಜೆಗೆ ಬಂದ ಅಕ್ಕನ ಮಗ ನನ್ನ ಹಳೇ ಕಂಪ್ಯೂಟರಿನ ಪಕ್ಕದ ತಗಡು ಬಿಚ್ಚಿಟ್ಟು, ಟೇಬಲ್ ಫ್ಯಾನನ್ನು ಅದರ ಕಡೆ ತಿರುಗಿಸಿ ರೋಬೋ ಯುದ್ಧದ ಆಟ ಮೆಕ್‌ವಾರಿಯರ್ 5 ಆಡುತ್ತಿದ್ದ. ಗಾಳಿ ಅವನಿಗಲ್ಲ, ಯಂತ್ರಕ್ಕೆ. ಅವನು ಬನಿಯನ್ನಿನಲ್ಲಿ ಬೆವರುತ್ತ ಕೂತಿದ್ದ. ಪರದೆಯಲ್ಲಿ ಅವನ ರೋಬೋ ಒಂದೇ ಸಮನೆ ಹೊಡೆದು ಹೊಡೆದು, ಕಾವು ಏರಿ, ಗಕ್ಕನೆ ನಿಂತಿತು. "ಮಾಮಾ, ಗ್ರಿಫಿನ್ ಬಂದ್ ಆತು ನೋಡ್ರಿ" ಅಂದ. ಅದು ಮತ್ತೆ ಚಾಲೂ ಆಗುವುದರೊಳಗೆ ಕಂಪ್ಯೂಟರೇ ಬಂದ್. ಒಳಗೆ ನೋಡಿದರೆ ಕಾವು ಹೊರಹಾಕುವ ಹೀಟ್ ಸಿಂಕಿನ ಹಲ್ಲುಗಳ ನಡುವೆ ಧೂಳು ಹತ್ತಿಯ ಹಾಗೆ ಮೆತ್ತಿಕೊಂಡಿತ್ತು.

ಎರಡೂ ನಿಂತದ್ದು ಒಂದೇ ಕಾರಣಕ್ಕೆ. ನನಗೆ ಈ ಆಟ ಹಿಡಿಸುವುದೂ ಅದಕ್ಕೇ.

ಮೊದಲು ಆಟ ಹೇಳುವ ದೊಡ್ಡ ಸುಳ್ಳನ್ನು ನೋಡೋಣ: ಇಷ್ಟು ದೊಡ್ಡ ರೋಬೋ ಎರಡು ಕಾಲ ಮೇಲೆ ನಡೆಯುತ್ತದೆ ಅನ್ನುವುದು. ಆರಡಿ ಮನುಷ್ಯನನ್ನು ಹತ್ತು ಪಟ್ಟು ದೊಡ್ಡದು ಮಾಡಿ. ಎತ್ತರ ಹತ್ತು ಪಟ್ಟು, ಪಾದದ ಅಗಲ-ಉದ್ದ ಸೇರಿ ನೂರು ಪಟ್ಟು, ತೂಕ ಮಾತ್ರ ಸಾವಿರ ಪಟ್ಟು. 70 ಕೆಜಿ ಮನುಷ್ಯ 70 ಟನ್ ಆದ. ಅಂದರೆ ಅಂಗಾಲಿನ ಪ್ರತಿ ಚದರ ಸೆಂಟಿಮೀಟರ್ ಮೊದಲಿಗಿಂತ ಹತ್ತು ಪಟ್ಟು ಭಾರ ಹೊರಬೇಕು. 1638ರಲ್ಲೇ ಗೆಲಿಲಿಯೋ ಈ ಲೆಕ್ಕ ಬರೆದಿಟ್ಟಿದ್ದಾನೆ. ಜಪಾನಿನ ಗುಂಡಮ್ ಕಥೆಯ ರೋಬೋ 18 ಮೀಟರ್ ಎತ್ತರ, ಆಯುಧ ಎಲ್ಲ ಸೇರಿ 60 ಟನ್. ಅದು ಒಂದು ಹೆಜ್ಜೆ ಎತ್ತಿದಾಗ ಆ ಭಾರವೆಲ್ಲ ಇನ್ನೊಂದು ಪಾದದ ಮೇಲೇ ಬೀಳುತ್ತದೆ. ಹೆಚ್ಚುಕಡಿಮೆ ಅಷ್ಟೇ ತೂಗುವ ನಮ್ಮ ಅರ್ಜುನ್ ಟ್ಯಾಂಕು ಅಗಲ ಪಟ್ಟಿಗಳ ಮೇಲೆ ಭಾರ ಹರಡಿಕೊಂಡು ಚದರ ಸೆಂಟಿಮೀಟರಿಗೆ ಒಂದು ಕೆಜಿಯೊಳಗೇ ಮುಗಿಸುತ್ತದೆ. ಮಳೆ ಬಿದ್ದ ಮರುದಿನ ನಮ್ಮ ಎರೆ ಹೊಲಕ್ಕೆ ಟ್ರ್ಯಾಕ್ಟರ್ ಇಳಿಸಿ ಗಾಲಿ ಅಚ್ಚಿನ ತನಕ ಹೂತುಹೋದದ್ದನ್ನು ನೋಡಿದವರಿಗೆ ಹೆಚ್ಚೇನೂ ಹೇಳಬೇಕಿಲ್ಲ. ರೋಬೋ ಯುದ್ಧ ಮಾಡುವುದು ದೂರದ ಮಾತು, ಅದನ್ನು ಎಳೆಯಲು ಇನ್ನೊಂದು ರೋಬೋ ತರಬೇಕು.

ಯೋಕೊಹಾಮಾ ಬಂದರಿನಲ್ಲಿ 2020ರ ಡಿಸೆಂಬರಿನಿಂದ 2024ರ ಮಾರ್ಚ್ ತನಕ ನಿಜವಾಗಿಯೇ 18 ಮೀಟರಿನ ಗುಂಡಮ್ ನಿಂತಿತ್ತು. ಕೈ ಎತ್ತುತ್ತಿತ್ತು, ಮೊಣಕಾಲು ಊರುತ್ತಿತ್ತು. ತೂಕವನ್ನು 25 ಟನ್ನಿಗೆ ಇಳಿಸಿದ್ದರು. ಆದರೂ ಸೊಂಟವನ್ನು ಹಿಂದಿನಿಂದ ಒಂದು ದೊಡ್ಡ ಚೌಕಟ್ಟು ಹಿಡಿದುಕೊಂಡೇ ಇತ್ತು, ನಡೆಯಲು ಕಲಿಯುವ ಕೂಸಿನ ಹಾಗೆ.

ಅಂದರೆ ಕಾಲಿನ ವಿಷಯದಲ್ಲಿ ಆಟ ಪೂರ್ತಿ ಸುಳ್ಳು. ಆದರೆ ಅದೇ ನಿಯಮದ ಇನ್ನೊಂದು ಮುಖವನ್ನು ಮಾತ್ರ ಗಟ್ಟಿಯಾಗಿ ಹಿಡಿದುಕೊಂಡಿದೆ. ದೊಡ್ಡ ವಸ್ತುವಿನ ಗಾತ್ರ ಬೆಳೆದಷ್ಟು ಮೈಯ ಹೊರಮೈ ಬೆಳೆಯುವುದಿಲ್ಲ, ಹಾಗಾಗಿ ಒಳಗಿನ ಕಾವು ಹೊರಗೆ ಹೋಗಲು ಜಾಗ ಸಾಲುವುದಿಲ್ಲ. ಮದುವೆ ಮನೆಯ ಹಂಡೆಯ ಸಾರು ಸಂಜೆಯ ತನಕ ಬಿಸಿ, ಬಟ್ಟಲಿನ ಸಾರು ಉಣ್ಣುವುದರೊಳಗೆ ತಣ್ಣಗೆ. ಆನೆಗೆ ಅಷ್ಟಗಲ ಕಿವಿ ಇರುವುದೂ, ಹೀಟ್ ಸಿಂಕಿಗೆ ಅಷ್ಟೊಂದು ಹಲ್ಲು ಇರುವುದೂ ಹೊರಮೈ ಜಾಸ್ತಿ ಮಾಡಿಕೊಳ್ಳಲಿಕ್ಕೇ.

1984ರಲ್ಲಿ ಅಮೆರಿಕದ ಶಿಕಾಗೋದಲ್ಲಿ ಫಾಸಾ ಎಂಬ ಕಂಪನಿ ಬ್ಯಾಟಲ್‌ಡ್ರಾಯ್ಡ್ಸ್ ಎಂಬ ಹಲಗೆ ಆಟ ತಂದಿತು. ಡ್ರಾಯ್ಡ್ ಎಂಬ ಪದ ತಮ್ಮದು ಅಂತ ಸ್ಟಾರ್ ವಾರ್ಸ್ ಸಿನಿಮಾ ತೆಗೆದ ಲೂಕಸ್‌ಫಿಲ್ಮ್‌ನವರು ತಕರಾರು ತೆಗೆದರು, ಮರುವರ್ಷ ಹೆಸರು ಬ್ಯಾಟಲ್‌ಟೆಕ್ ಆಯಿತು. ಅದರ ಕಾಗದದ ಮೇಲೆ ಪ್ರತಿ ರೋಬೋಗೂ ಒಂದು ಕಾವಿನ ಖಾತೆ. ಹಳೇ ಗ್ರಿಫಿನ್ನನ್ನೇ ತೊಗೊಳ್ಳಿ. 55 ಟನ್, 12 ಹೀಟ್ ಸಿಂಕ್. ದೊಡ್ಡ ಆಯುಧ ಹೊಡೆದರೆ 10 ಅಂಕ ಕಾವು, ಕ್ಷಿಪಣಿಗೆ 4, ಓಡಿದ್ದಕ್ಕೆ 2. ಒಟ್ಟು 16. ಸಿಂಕುಗಳು 12 ಕಳೆಯುತ್ತವೆ, 4 ಬಾಕಿ. ಹೀಗೇ ನಾಲ್ಕು ಸುತ್ತು ಹುಚ್ಚಾಪಟ್ಟೆ ಹೊಡೆದರೆ ಬಾಕಿ 16. 14 ಮುಟ್ಟಿತೆಂದರೆ ದಾಳ ಉರುಳಿಸಬೇಕು, ಬಿದ್ದ ಅಂಕ ಸಾಲದಿದ್ದರೆ ಬಂದ್. 30ಕ್ಕೆ ಮುಟ್ಟಿದರೆ ಯಾವ ದಾಳವೂ ಉಳಿಸುವುದಿಲ್ಲ. ನೀರಿನಲ್ಲಿ ಕಾಲಿಟ್ಟು ನಿಂತರೆ ಬೇಗ ತಣಿಯುತ್ತದೆ, ಕೆರೆಗೆ ಬಿದ್ದ ಎಮ್ಮೆಯ ಹಾಗೆ. ಸಾಲದ ಪುಸ್ತಕ ಇಟ್ಟುಕೊಂಡೇ ಯುದ್ಧ ಮಾಡಿದಂತೆ. ನನ್ನ ಪ್ರಕಾರ ಇಡೀ ಆಟದ ರುಚಿ ಇಲ್ಲೇ ಇದೆ, ಸ್ಫೋಟದಲ್ಲಿ ಅಲ್ಲ.

1989ರಲ್ಲಿ ಈ ಹಲಗೆ ಆಟದಿಂದಲೇ ಹುಟ್ಟಿದ ಮೊದಲ ಮೆಕ್‌ವಾರಿಯರ್ ಕಂಪ್ಯೂಟರಿಗೆ ಬಂತು, 1995ರಲ್ಲಿ ಎರಡನೆಯದು, 2019ರಲ್ಲಿ ನಮ್ಮ ಹುಡುಗ ಆಡುವ ಐದನೆಯದು. ಕಂಪನಿಗಳು ಬದಲಾದವು, ಕಾದಂಬರಿ ಬರೆದವರು ಹತ್ತಾರು ಜನ. ಕಾವಿನ ಖಾತೆ, ಟನ್ನಿನ ಲೆಕ್ಕ ಬಿಟ್ಟುಹೋಗಲಿಲ್ಲ. ಚಿತ್ರಗಳದ್ದೇ ಬೇರೆ ಕಥೆ. ಶುರುವಿನ ಎಷ್ಟೋ ರೋಬೋಗಳ ರೂಪ ಜಪಾನಿನ ಕಾರ್ಟೂನುಗಳಿಂದ ಬಂದದ್ದು, ಗ್ರಿಫಿನ್ನಿನದೂ ಅಷ್ಟೇ. 1990ರ ದಶಕದಲ್ಲಿ ಹಕ್ಕಿನ ಜಗಳ ಕೋರ್ಟು ಹತ್ತಿತು, ಹೊರಗಿನಿಂದ ತಂದ ಚಿತ್ರಗಳನ್ನೆಲ್ಲ ಪುಸ್ತಕದಿಂದ ತೆಗೆದರು. ಆಡುವವರು ಅವಕ್ಕೆ 'ಅನ್‌ಸೀನ್' ಅಂದರು, ಕಾಣದವು ಅಂತ. ಮುಖ ಹೋಯಿತು, ಆದರೆ ಹೆಸರು, 55 ಟನ್, 12 ಸಿಂಕು ಹಾಗೇ ಉಳಿದವು. ಆಮೇಲೆ ಹೊಸ ಮುಖ ಬರೆದುಕೊಟ್ಟಾಗ ಯಾರಿಗೂ ಗುರುತು ಸಿಗದೆ ಹೋಗಲಿಲ್ಲ. ನಮ್ಮ ಕಡೆ ದೊಡ್ಡಾಟದಲ್ಲಿ ಊರಿಗೊಂದು ಮೇಳ, ಮೇಳಕ್ಕೊಬ್ಬ ಮಾಸ್ತರ. ಕಿರೀಟದ ಬೇಗಡೆ ಯಾವ ಬಣ್ಣದ್ದಾದರೂ ಇರಲಿ, ಗದೆ ಹಿಡಿದು ಗುಡುಗುತ್ತ ಬಂದವನು ಭೀಮ ಅಂತ ಕೊನೇ ಸಾಲಿನ ಹುಡುಗನಿಗೂ ತಿಳಿಯುತ್ತದೆ. ಆದರೆ ಅವನ ಕೈಗೆ ಬಿಲ್ಲು ಕೊಟ್ಟು ನೋಡಿ, ಜನ ಎದ್ದು ಮಾಸ್ತರನನ್ನೇ ಕೇಳುತ್ತಾರೆ.

ಸಂಜೆ ಬಿಸಿಲು ಇಳಿದ ಮೇಲೆ ಹುಡುಗನನ್ನು ಶೇರ್ಜಾ ಬುರುಜಿಗೆ ಕರೆದುಕೊಂಡು ಹೋದೆ. ಮಲಿಕ್-ಎ-ಮೈದಾನ್ ತೋಪಿನ ತೂಕವೂ ಸುಮಾರು 55 ಟನ್ನೇ. 1549ರಲ್ಲಿ ಅಹಮದ್‌ನಗರದಲ್ಲಿ ಎರಕ ಹೊಯ್ದದ್ದು, ಇಲ್ಲಿಗೆ ತರಲು 10 ಆನೆ, 400 ಎತ್ತು ಬೇಕಾದವಂತೆ. ಅವನು ಸುತ್ತ ನಡೆದು, ಸಿಂಹದ ಬಾಯಿಯ ಕಡೆಯಿಂದ ಹಿಂದಿನ ತನಕ ಹೆಜ್ಜೆ ಹಾಕಿ ಅಳೆದ. ನಾಲ್ಕೂವರೆ ಮೀಟರಿನ ಹತ್ತಿರ, ಅಷ್ಟೇ. ಗಟ್ಟಿ ಲೋಹವಾದರೆ 55 ಟನ್ನಿಗೆ ಇಷ್ಟೇ ಉದ್ದ ಬರುತ್ತದೆ. ಗ್ರಿಫಿನ್ ಇದಕ್ಕಿಂತ ಎರಡು ಪಟ್ಟಾದರೂ ಎತ್ತರ, ಕೈಕಾಲು ಬೇರೆ. ಸ್ವಲ್ಪ ಹೊತ್ತು ಸುಮ್ನೆ ನಿಂತಿದ್ದ.

"ಹಂಗಾದ್ರ ಗ್ರಿಫಿನ್ ಬರೇ ತಗಡಿನ ಡಬ್ಬಿ ಅದ ಅಲ್ರಿ, ಮಾಮಾ?"