‘ಸಾಂದರ್ಭಿಕ ಚಿತ್ರ’ ಯಾವ ಸಂದರ್ಭದ್ದು?

ಪತ್ರಿಕೆಯಲ್ಲಿ ದೇವಿಮನೆ ಘಾಟಿಯಲ್ಲಿ ಗುಡ್ಡ ಜರಿದ ಸುದ್ದಿ. ಜೊತೆಗೆ ಕೆಂಪು ಮಣ್ಣಿನ ರಾಶಿಯ ಫೋಟೊ, ಕೆಳಗೆ ಸಣ್ಣ ಅಕ್ಷರದಲ್ಲಿ ‘ಸಾಂದರ್ಭಿಕ ಚಿತ್ರ’. ಶಿರಸಿಯ ವಾಟ್ಸಾಪ್ ಗುಂಪಿನಲ್ಲಿ ಒಬ್ಬರು ವಾದಕ್ಕೇ ನಿಂತರು: “ಸಾಂದರ್ಭಿಕ ಅಂತ ಬರೆದಿದ್ದಾರಲ್ಲ ಮಾರಾಯ್ರೆ, ಅದೇ ಸಂದರ್ಭದಲ್ಲಿ ತೆಗೆದದ್ದು!”

ಅವರನ್ನು ಬೈಯುವ ಹಾಗಿಲ್ಲ. ಸಂಸ್ಕೃತದ ‘ದೃಭ್’ ಧಾತುವಿಗೆ ಪೋಣಿಸು, ಹೆಣೆ ಎಂಬ ಅರ್ಥ. ಹಾಗಾಗಿ ಮೊದಲಿಗೆ ‘ಸಂದರ್ಭ’ ಎಂದರೆ ಹೆಣಿಗೆ. ಶಾಲೆಯ ‘ಸಂದರ್ಭ ಸಹಿತ ವಿವರಿಸಿ’ ಪ್ರಶ್ನೆಯಲ್ಲಿ ಆ ಅರ್ಥ ಇನ್ನೂ ಸ್ವಲ್ಪ ಉಳಿದಿದೆ: ಈ ಸಾಲು ಯಾವ ಹೆಣಿಗೆಯಲ್ಲಿ, ಎಲ್ಲಿ ಬರುತ್ತದೆ ಹೇಳು ಅಂತ. ಬಳಕೆಯಲ್ಲಿ ಅದು ‘ವೇಳೆ’ ಆಯಿತು. ಮದುವೆಯ ಸಂದರ್ಭ, ಜಾತ್ರೆಯ ಸಂದರ್ಭ. ಹಾಗಾದರೆ ಸಾಂದರ್ಭಿಕ ಎಂದರೆ ಆ ವೇಳೆಯದು ಅಂತಲೇ ಆಗಬೇಕು, ಅಲ್ವಾ? ಪತ್ರಿಕೆ ಹೇಳುವುದು ಪೂರ್ತಿ ಉಲ್ಟಾ: ಇದು ಈ ಘಟನೆಯದಲ್ಲ, ಸುದ್ದಿಗೆ ಹೊಂದುತ್ತದೆ ಅಂತ ಹಾಕಿದ್ದೇವೆ.

‘ಸಂಗ್ರಹ ಚಿತ್ರ’ ಬೇರೆ. ಅದು ಅದೇ ಜಾಗದ್ದೋ ಅದೇ ವ್ಯಕ್ತಿಯದೋ ಹಳೆಯ ಫೋಟೊ. ಎರಡನ್ನೂ ಸುಮ್ನೆ ಅದಲುಬದಲು ಮಾಡುವವರಿದ್ದಾರೆ.

ಇದು ಬರೀ ಪದದ ಜಗಳವಲ್ಲ. 2024ರ ಜುಲೈ 16ರಂದು ಅಂಕೋಲಾದ ಶಿರೂರಿನಲ್ಲಿ ಹೆದ್ದಾರಿ ಮೇಲೆ ಗುಡ್ಡ ಬಿತ್ತು. ಕಾಣೆಯಾದ ಲಾರಿಗಾಗಿ ವಾರಗಟ್ಟಲೆ ಹುಡುಕಾಟ ನಡೆಯಿತು, ಕ್ಯಾಮೆರಾಗಳೂ ಅಲ್ಲೇ ಇದ್ದವು. ಈಗ ಗುಡ್ಡ ಕುಸಿತ ಎಂದರೆ ನಮ್ಮ ಕಣ್ಣಿಗೆ ಬರುವುದು ಹೆದ್ದಾರಿ, ಲಾರಿ, ಮಣ್ಣು ತೆಗೆಯುವ ಯಂತ್ರ. ಆದರೆ ಅವತ್ತೇ ಮಣ್ಣು ಬಿದ್ದ ರಭಸಕ್ಕೆ ಗಂಗಾವಳಿ ನದಿಯ ನೀರು ಎದ್ದು, ಆಚೆ ದಡದ ಉಳುವರೆಯಲ್ಲಿ ಮನೆಗಳನ್ನು ಕೆಡವಿತ್ತು. ಆ ಊರಿನ ಫೋಟೊ ಎಷ್ಟು ಜನ ನೋಡಿದ್ದಾರೆ? 2021ರಲ್ಲಿ ಯಲ್ಲಾಪುರದ ಕಳಚೆಯಲ್ಲಿ ಅಡಿಕೆ ತೋಟಗಳು ಜಾರಿ ಹೋದವು. 2009ರ ಅಕ್ಟೋಬರ್ 2ರಂದು ಕಾರವಾರದ ಕಡವಾಡದಲ್ಲಿ ಗುಡ್ಡ ಮನೆಗಳ ಮೇಲೆ ಬಿದ್ದು 19 ಜನ ಸತ್ತರು. ತೋಟದ ಸುದ್ದಿಗೂ ಮನೆಯ ಸುದ್ದಿಗೂ ಹೆದ್ದಾರಿಯ ಫೋಟೊ ಅಂಟಿಸಿದರೆ, ಗುಡ್ಡದ ಬುಡದಲ್ಲಿ ಮನೆ ಕಟ್ಟಿಕೊಂಡವನಿಗೆ ಅದು ತನ್ನ ಸುದ್ದಿ ಅನ್ನಿಸುವುದೇ ಇಲ್ಲ.

ಹಳೆಯ ಫೋಟೊ ಹಾಕಲೇಬೇಕೆಂದರೆ ‘ಶಿರೂರು, ಜುಲೈ 2024’ ಎಂದು ಬರೆಯಲಿ. ‘ಸಾಂದರ್ಭಿಕ ಚಿತ್ರ’ಕ್ಕಿಂತ ಜಾಸ್ತಿ ಜಾಗವೇನೂ ಬೇಡ. ಅದನ್ನೂ ಫೋಟೊದ ಕೆಳಗಲ್ಲ, ಫೋಟೊದ ಮೇಲೇ ಅಚ್ಚು ಹಾಕಲಿ. ಕತ್ತರಿಸಿ ಕಳಿಸುವವರಿಗೆ ಆಗ ಸ್ವಲ್ಪ ಕಷ್ಟವಾಗುತ್ತದೆ.