ವಿದ್ಯುತ್ ಸ್ಕೂಟರ್ ಮತ್ತು ಪೆಟ್ರೋಲಿನಲ್ಲಿ ಪಳಗಿದ ಕೈ

2022ರ ಮಾರ್ಚ್ ಮತ್ತು ಏಪ್ರಿಲ್ ತಿಂಗಳುಗಳಲ್ಲಿ ದೇಶದ ಹಲವೆಡೆ ವಿದ್ಯುತ್ ಸ್ಕೂಟರುಗಳಿಗೆ ಬೆಂಕಿ ಹತ್ತಿಕೊಂಡ ದೃಶ್ಯಗಳು ಮೊಬೈಲಿನಿಂದ ಮೊಬೈಲಿಗೆ ಹರಿದಾಡಿದವು. ತಮಿಳುನಾಡಿನ ವೆಲ್ಲೂರಿನಲ್ಲಿ ಮನೆಯಲ್ಲಿ ಚಾರ್ಜಿಗಿಟ್ಟಿದ್ದ ಸ್ಕೂಟರಿಗೆ ಬೆಂಕಿ ಬಿದ್ದು, ಆ ಹೊಗೆಯಲ್ಲಿ ತಂದೆ ಮಗಳಿಬ್ಬರೂ ಉಸಿರುಗಟ್ಟಿ ತೀರಿಕೊಂಡರು. ಕೇಂದ್ರ ಸರ್ಕಾರ ತಜ್ಞರ ಸಮಿತಿ ನೇಮಿಸಿ, ಬ್ಯಾಟರಿ ಸುರಕ್ಷತೆಯ ಎಐಎಸ್-156 ಮಾನದಂಡವನ್ನು ಬಿಗಿಗೊಳಿಸಿತು. ಹೊಸ ನಿಯಮಗಳು 2022ರ ಡಿಸೆಂಬರ್ 1 ಮತ್ತು 2023ರ ಮಾರ್ಚ್ 31ರಿಂದ ಎರಡು ಹಂತಗಳಲ್ಲಿ ಜಾರಿಗೆ ಬಂದವು. ಅದು ಆಗಲೇಬೇಕಿದ್ದ ಕೆಲಸ. ಆದರೆ ಆ ದೃಶ್ಯಗಳು ಜನರ ಮನಸ್ಸಿನಲ್ಲಿ ಎಷ್ಟು ಆಳವಾಗಿ ಇಳಿದಿವೆಯೆಂದರೆ, ಇಂದಿಗೂ ಷೋರೂಮಿನಲ್ಲಿ ಕೇಳಿಬರುವ ಸುರಕ್ಷತೆಯ ಪ್ರಶ್ನೆ ಬೆಂಕಿಯೊಂದರ ಸುತ್ತಲೇ ಸುತ್ತುತ್ತದೆ. ಸವಾರನಿಗೆ ದಿನನಿತ್ಯ ಎದುರಾಗುವ ಅಪಾಯ ಇರುವುದು ರಸ್ತೆಯ ಮೇಲೆ; ಅದರ ಬಗ್ಗೆ ಕೇಳುವವರೂ ಕಡಿಮೆ, ಹೇಳುವವರೂ ಕಡಿಮೆ.

ಕೇಂದ್ರ ಸಾರಿಗೆ ಸಚಿವಾಲಯದ ವರದಿಯ ಪ್ರಕಾರ 2022ರಲ್ಲಿ ಭಾರತದ ರಸ್ತೆಗಳಲ್ಲಿ 1,68,491 ಜನ ಸತ್ತರು. ಅವರಲ್ಲಿ ಶೇ. 44ಕ್ಕೂ ಹೆಚ್ಚು ಮಂದಿ ದ್ವಿಚಕ್ರ ವಾಹನಗಳಲ್ಲಿ ಹೋಗುತ್ತಿದ್ದವರು. ಹೆಲ್ಮೆಟ್ ಧರಿಸದೆ ಸತ್ತವರೇ 50,029. ಈ ಲೆಕ್ಕದಲ್ಲಿ ಪೆಟ್ರೋಲ್ ಗಾಡಿಗಳೂ ವಿದ್ಯುತ್ ಗಾಡಿಗಳೂ ಸೇರಿವೆ, ಮತ್ತು ಎರಡಕ್ಕೂ ಅನ್ವಯಿಸುವ ಭೌತವಿಜ್ಞಾನ ಒಂದೇ. ಆದರೂ ಕೆಲವು ವಿಷಯಗಳಲ್ಲಿ ವಿದ್ಯುತ್ ಸ್ಕೂಟರಿನ ನಡವಳಿಕೆ ಬೇರೆ. ನಮ್ಮಲ್ಲಿ ಅದನ್ನು ಕೊಳ್ಳುವ ಬಹಳಷ್ಟು ಜನ ವರ್ಷಗಟ್ಟಲೆ ಪೆಟ್ರೋಲ್ ಸ್ಕೂಟರ್ ಓಡಿಸಿದವರು. ಅವರ ಕೈಗೆ, ಕಿವಿಗೆ, ಪಾದಕ್ಕೆ ಹಳೆಯ ಗಾಡಿ ಕಲಿಸಿದ ಪಾಠ ಹೊಸ ಗಾಡಿಯಲ್ಲಿ ಕೆಲವೊಮ್ಮೆ ತಪ್ಪು ಉತ್ತರ ಕೊಡುತ್ತದೆ. ಹೊಸ ಗಾಡಿಯ ಅಪಾಯದ ದೊಡ್ಡ ಪಾಲು ಈ ಅಂತರದಲ್ಲಿದೆ ಎಂಬುದು ನನ್ನ ವಾದ.

ಗಾಡಿ ಹೊರಡುವ ಗಳಿಗೆಯನ್ನೇ ನೋಡಿ. ಪೆಟ್ರೋಲ್ ಸ್ಕೂಟರಿನಲ್ಲಿ ಆಕ್ಸಿಲರೇಟರ್ ತಿರುಗಿಸಿದರೆ ಮೊದಲು ಎಂಜಿನ್ ಏರುದನಿ ಮಾಡುತ್ತದೆ. ಅದರ ವೇಗ ಒಂದು ಮಟ್ಟ ಮುಟ್ಟಿದ ಮೇಲೆ ಕ್ಲಚ್ಚಿನೊಳಗಿನ ತೂಕಗಳು ಹೊರಕ್ಕೆ ಚಾಚಿಕೊಂಡು ಸುತ್ತಲಿನ ಬಟ್ಟಲನ್ನು ಹಿಡಿಯುತ್ತವೆ. ಆಮೇಲಷ್ಟೇ ಚಕ್ರ ತಿರುಗುತ್ತದೆ. ಈ ನಡುವಿನ ಅರೆಗಳಿಗೆಯ ತಡ ಮತ್ತು ಆ ಸದ್ದು ಸವಾರನಿಗೆ ಮುನ್ಸೂಚನೆ ಕೊಡುತ್ತವೆ. ವಿದ್ಯುತ್ ಸ್ಕೂಟರಿನಲ್ಲಿ ಅಂಥ ಕ್ಲಚ್ ಇಲ್ಲ. ಸುರುಳಿಗಳಲ್ಲಿ ವಿದ್ಯುತ್ ಹರಿದೊಡನೆ ಕಾಂತಕ್ಷೇತ್ರ ಉಂಟಾಗಿ ಮೋಟಾರು ತಿರುಗುತ್ತದೆ. ನಿಂತ ಸ್ಥಿತಿಯಲ್ಲೇ ಅದು ತನ್ನ ಪೂರ್ಣ ತಿರುಚುಬಲವನ್ನು, ಅಂದರೆ ಟಾರ್ಕನ್ನು, ಕೊಡಬಲ್ಲದು. ಸಿಗ್ನಲ್ ಬಿಟ್ಟೊಡನೆ ಚಿಮ್ಮುವ ಸುಖವೆಂದು ಜಾಹೀರಾತುಗಳು ಹೊಗಳುವುದು ಇದನ್ನೇ. ಮನೆಯ ಗೇಟಿನೆದುರು, ಇಕ್ಕಟ್ಟಿನ ಪಾರ್ಕಿಂಗಿನಲ್ಲಿ ಗಾಡಿಯ ಮೇಲಿನ ಹಿಡಿತ ತಪ್ಪಿಸುವುದೂ ಇದೇ.

ಆಗ ನಡೆಯುವುದು ಹೀಗೆ. ಸವಾರ ಎರಡೂ ಕಾಲು ನೆಲಕ್ಕೂರಿ ಗಾಡಿಯನ್ನು ಅಂಗುಲ ಅಂಗುಲವಾಗಿ ಸರಿಸುತ್ತಿರುತ್ತಾನೆ. ಹಳೆಯ ಗಾಡಿಯಲ್ಲಿ ತಿರುಗಿಸುತ್ತಿದ್ದಷ್ಟೇ ಆಕ್ಸಿಲರೇಟರನ್ನು ತಿರುಗಿಸುತ್ತಾನೆ. ಗಾಡಿ ಎಣಿಸಿದ್ದಕ್ಕಿಂತ ಜೋರಾಗಿ ಮುಂದೆ ನುಗ್ಗುತ್ತದೆ, ಮೈ ಹಿಂದೆ ಉಳಿಯುತ್ತದೆ, ತೋಳುಗಳು ಚಾಚಿಕೊಳ್ಳುತ್ತವೆ. ಬೀಳದಿರಲೆಂದು ಆತ ಹ್ಯಾಂಡಲನ್ನು ಇನ್ನಷ್ಟು ಬಿಗಿಯಾಗಿ ಹಿಡಿಯುತ್ತಾನೆ. ಹಿಂದಕ್ಕೆ ವಾಲಿದ ಮೈಯ ಭಾರಕ್ಕೆ ಬಲಗೈಯ ಮಣಿಕಟ್ಟು ಕೆಳಕ್ಕೆ ಬಾಗುತ್ತದೆ. ಮಣಿಕಟ್ಟು ಕೆಳಕ್ಕೆ ಬಾಗುವುದೆಂದರೆ ಆಕ್ಸಿಲರೇಟರ್ ಮತ್ತಷ್ಟು ತಿರುಗುವುದೆಂದೇ ಅರ್ಥ. ಗಾಡಿ ಇನ್ನೂ ಜೋರಾಗಿ ನುಗ್ಗುತ್ತದೆ, ಮೈ ಇನ್ನೂ ಹಿಂದೆ ಬೀಳುತ್ತದೆ. ಪರಿಣಾಮವೇ ಕಾರಣವನ್ನು ಬಲಪಡಿಸುವ ಇಂಥ ಸರಪಳಿಯನ್ನು ವಿಜ್ಞಾನದಲ್ಲಿ ಪಾಸಿಟಿವ್ ಫೀಡ್‌ಬ್ಯಾಕ್ ಎನ್ನುತ್ತಾರೆ. ಗೋಡೆಯೋ ನಿಂತ ಕಾರೋ ಅಡ್ಡ ಬರುವವರೆಗೆ ಅದು ಮುಂದುವರಿಯುತ್ತದೆ, ಮತ್ತು ಇಡೀ ಘಟನೆ ಒಂದೆರಡು ಸೆಕೆಂಡಿನಲ್ಲಿ ಮುಗಿಯುತ್ತದೆ. ನೋಡಿದವರು ಸವಾರನಿಗೆ ಓಡಿಸಲು ಬರುವುದಿಲ್ಲವೆಂದು ತೀರ್ಮಾನಿಸುತ್ತಾರೆ. ಇಪ್ಪತ್ತು ವರ್ಷ ಸ್ಕೂಟರ್ ಓಡಿಸಿದವರ ಮೈಯೂ ಹೀಗೆಯೇ ವರ್ತಿಸುತ್ತದೆ.

ಈ ಸರಪಳಿಯನ್ನು ಮುರಿಯುವ ಉಪಾಯ ಗಾಡಿಯಲ್ಲೇ ಇದೆ. ಬಹುತೇಕ ಮಾದರಿಗಳಲ್ಲಿ ಬ್ರೇಕಿನ ಹಿಡಿ ಒತ್ತಿದೊಡನೆ ಮೋಟಾರಿಗೆ ಹೋಗುವ ವಿದ್ಯುತ್ ಕಡಿದುಹೋಗುತ್ತದೆ. ಆದ್ದರಿಂದ ನಿಧಾನವಾಗಿ ಸರಿಯುವಾಗಲೆಲ್ಲ ಎರಡು ಬೆರಳು ಬ್ರೇಕಿನ ಮೇಲಿರಬೇಕು. ಹೊಸ ಗಾಡಿಯ ಮೊದಲ ಕೆಲವು ವಾರ ಇಕೋ ಮೋಡಿನಲ್ಲೇ ಓಡಿಸಬೇಕು, ಏಕೆಂದರೆ ಆ ಮೋಡಿನಲ್ಲಿ ಕಂಟ್ರೋಲರು ಮೋಟಾರಿಗೆ ಹರಿಯುವ ವಿದ್ಯುತ್ತಿಗೆ ಮಿತಿ ಹಾಕಿರುತ್ತದೆ. ಇನ್ನೊಂದು ಮಾತು ಮಕ್ಕಳಿಗೆ ಸಂಬಂಧಿಸಿದ್ದು. ನಮ್ಮಲ್ಲಿ ಚಿಕ್ಕ ಮಕ್ಕಳನ್ನು ಸ್ಕೂಟರಿನ ಮುಂದೆ, ಕಾಲಿಡುವ ಹಲಗೆಯ ಮೇಲೆ ನಿಲ್ಲಿಸಿಕೊಳ್ಳುವ ರೂಢಿಯಿದೆ. ಅಂಗಡಿಯೆದುರು ಗಾಡಿ ನಿಲ್ಲಿಸಿ, ಕೂತಲ್ಲಿಂದಲೇ ಹಾಲಿನ ಪ್ಯಾಕೆಟಿಗೆ ಕೈ ಚಾಚುವಾಗ ಮಗುವಿನ ಕೈ ಆಕ್ಸಿಲರೇಟರಿನ ಮೇಲಿರುತ್ತದೆ. ಪೆಟ್ರೋಲ್ ಗಾಡಿಯಾದರೆ ಎಂಜಿನಿನ ಸದ್ದು, ನಡುಕ ಅದು ಚಾಲೂ ಇದೆಯೆಂದು ಸಾರುತ್ತಿತ್ತು. ವಿದ್ಯುತ್ ಗಾಡಿಯಲ್ಲಿ ಪರದೆಯ ಮೇಲಿನ ಒಂದು ಸಣ್ಣ ಗುರುತು ಬಿಟ್ಟರೆ ಬೇರೆ ಯಾವ ಸುಳಿವೂ ಇರುವುದಿಲ್ಲ. ಗಾಡಿ ನಿಂತಿತೆಂದರೆ, ಅದು ಅರ್ಧ ನಿಮಿಷಕ್ಕೇ ಆದರೂ, ಕೀ ಆಫ್ ಮಾಡುವುದು ಅಥವಾ ಪಾರ್ಕಿಂಗ್ ಮೋಡಿಗೆ ಹಾಕುವುದು ಕಡ್ಡಾಯವೆಂದೇ ತಿಳಿಯಬೇಕು. ಒಂಬತ್ತು ತಿಂಗಳಿಂದ ನಾಲ್ಕು ವರ್ಷದವರೆಗಿನ ಮಕ್ಕಳಿಗೆ ಹೆಲ್ಮೆಟ್ ಮತ್ತು ಸುರಕ್ಷಾ ಪಟ್ಟಿ ಇರಬೇಕು, ಅವರನ್ನು ಕೂರಿಸಿಕೊಂಡಾಗ ಗಾಡಿಯ ವೇಗ ಗಂಟೆಗೆ 40 ಕಿ.ಮೀ. ದಾಟಬಾರದು ಎಂಬ ನಿಯಮ 2022ರ ಫೆಬ್ರುವರಿಯಲ್ಲೇ ಪ್ರಕಟವಾಗಿದೆ. ಅದು ಪಾಲನೆಯಾಗುವುದು ಕಾಣಸಿಗುವುದು ಅಪರೂಪ.

ಸದ್ದಿಲ್ಲದಿರುವುದು ದಾರಿಹೋಕರಿಗೂ ತೊಂದರೆಯೇ. ನಿಧಾನ ವೇಗದಲ್ಲಿ ಟೈರಿನ ಸದ್ದು ತೀರಾ ಕಡಿಮೆ. ಓಣಿಯಲ್ಲಿ ಬೆನ್ನು ತಿರುಗಿಸಿ ನಡೆಯುವ ಹಿರಿಯರಿಗೆ, ಕಿವಿಯನ್ನೇ ನೆಚ್ಚಿ ರಸ್ತೆ ದಾಟುವ ಅಂಧರಿಗೆ ಗಾಡಿ ಬಂದದ್ದೇ ತಿಳಿಯುವುದಿಲ್ಲ. ಯುರೋಪಿನಲ್ಲಿ ಹೊಸ ವಿದ್ಯುತ್ ಕಾರುಗಳು ನಿಧಾನ ವೇಗದಲ್ಲಿ ಕೃತಕ ಸದ್ದು ಹೊರಡಿಸಬೇಕೆಂಬ ನಿಯಮವಿದೆ, ಆದರೆ ಅದು ದ್ವಿಚಕ್ರ ವಾಹನಗಳನ್ನು ಒಳಗೊಂಡಿಲ್ಲ. ಸವಾರನ ಮೇಲೆ ಆಗುವ ಪರಿಣಾಮ ಇದಕ್ಕಿಂತ ಸೂಕ್ಷ್ಮವಾದದ್ದು. ನಾವು ವೇಗವನ್ನು ಮೀಟರ್ ನೋಡಿ ಅಳೆಯುವುದಕ್ಕಿಂತ ಎಂಜಿನಿನ ದನಿಯಿಂದ, ಹ್ಯಾಂಡಲಿನ ನಡುಕದಿಂದ ಅಳೆಯುವುದೇ ಹೆಚ್ಚು. ಸದ್ದನ್ನು ಕಡಿಮೆ ಮಾಡಿದರೆ ಚಾಲಕರು ತಮ್ಮ ವೇಗವನ್ನು ಇದ್ದುದಕ್ಕಿಂತ ಕಡಿಮೆಯೆಂದು ಅಂದಾಜಿಸುತ್ತಾರೆ ಎಂಬುದು ಕಾರುಗಳ ಮೇಲಿನ ಪ್ರಯೋಗಗಳಲ್ಲಿ ಕಂಡುಬಂದಿದೆ. ವಿದ್ಯುತ್ ಸ್ಕೂಟರಿನಲ್ಲಿ ಗಂಟೆಗೆ 60 ಕಿ.ಮೀ. ವೇಗ 40ರಂತೆ ಭಾಸವಾಗುವುದು ಸುಲಭ.

ಈ ಇಪ್ಪತ್ತರ ವ್ಯತ್ಯಾಸದ ಬೆಲೆಯನ್ನು ಲೆಕ್ಕ ಹಾಕಿ ನೋಡೋಣ. ಅಡ್ಡ ಬಂದ ನಾಯಿಯನ್ನು ಕಂಡು ಬ್ರೇಕ್ ಒತ್ತಲು ಒಂದು ಸೆಕೆಂಡು ಬೇಕೆಂದೂ, ಬ್ರೇಕು ಪ್ರತಿ ಸೆಕೆಂಡಿನಲ್ಲೂ ವೇಗವನ್ನು ಸೆಕೆಂಡಿಗೆ 5 ಮೀಟರಿನಷ್ಟು, ಅಂದರೆ ಗಂಟೆಗೆ 18 ಕಿ.ಮೀ.ನಷ್ಟು, ತಗ್ಗಿಸುತ್ತದೆಂದೂ ಇಟ್ಟುಕೊಳ್ಳಿ. 40 ಕಿ.ಮೀ. ವೇಗದ ಗಾಡಿ ಆ ಒಂದು ಸೆಕೆಂಡಿನಲ್ಲಿ 11 ಮೀಟರ್ ಸಾಗಿ, ಬ್ರೇಕಿನಲ್ಲಿ ಇನ್ನೂ 12 ಮೀಟರ್ ಸಾಗಿ, ಒಟ್ಟು ಸುಮಾರು 23 ಮೀಟರಿಗೆ ನಿಲ್ಲುತ್ತದೆ. 60ರ ಗಾಡಿಗೆ ಬೇಕಾಗುವುದು 44 ಮೀಟರಿಗೂ ಹೆಚ್ಚು. ಇದಕ್ಕಿಂತ ಕಣ್ಣು ತೆರೆಸುವ ಸಂಗತಿ ಮುಂದಿದೆ: ಮೊದಲ ಗಾಡಿ ಪೂರ್ತಿ ನಿಂತ ಜಾಗದಲ್ಲಿ ಎರಡನೆಯ ಗಾಡಿ ಇನ್ನೂ ಗಂಟೆಗೆ ಸುಮಾರು 52 ಕಿ.ಮೀ. ವೇಗದಲ್ಲಿರುತ್ತದೆ. ಚಲನಶಕ್ತಿ ವೇಗದ ವರ್ಗಕ್ಕೆ ಅನುಗುಣವಾಗಿ ಏರುವುದರಿಂದಲೂ, ಬ್ರೇಕ್ ಹಿಡಿಯುವ ಮುನ್ನವೇ ದಾರಿಯ ದೊಡ್ಡ ಭಾಗ ಕಳೆದುಹೋಗುವುದರಿಂದಲೂ ಹೀಗಾಗುತ್ತದೆ.

ಬ್ರೇಕಿನ ವಿಷಯದಲ್ಲೂ ಹಳೆಯ ಅಭ್ಯಾಸ ದಾರಿ ತಪ್ಪಿಸುವ ಒಂದು ಜಾಗವಿದೆ. ಆಕ್ಸಿಲರೇಟರ್ ಬಿಟ್ಟಾಗ ವಿದ್ಯುತ್ ಸ್ಕೂಟರಿನ ಮೋಟಾರು ಜನರೇಟರಿನಂತೆ ಕೆಲಸ ಮಾಡಿ, ಚಲನಶಕ್ತಿಯನ್ನು ವಿದ್ಯುತ್ತಾಗಿಸಿ ಬ್ಯಾಟರಿಗೆ ತುಂಬುತ್ತದೆ, ಹಾಗೆ ಮಾಡುತ್ತಲೇ ಗಾಡಿಯನ್ನು ನಿಧಾನಗೊಳಿಸುತ್ತದೆ. ಕೆಲವೇ ದಿನಗಳಲ್ಲಿ ಸವಾರ ಈ ಎಳೆತಕ್ಕೆ ಒಗ್ಗಿಹೋಗುತ್ತಾನೆ. ಆದರೆ ಬ್ಯಾಟರಿ ನೂರಕ್ಕೆ ನೂರು ತುಂಬಿರುವಾಗ ಅದಕ್ಕೆ ಮತ್ತೆ ವಿದ್ಯುತ್ ತುಂಬುವಂತಿಲ್ಲ. ಹಾಗಾಗಿ ಈ ಎಳೆತ ಕಡಿಮೆಯಾಗುತ್ತದೆ ಅಥವಾ ಇಲ್ಲವೇ ಆಗುತ್ತದೆ. ಮಡಿಕೇರಿಯಂಥ ಗುಡ್ಡದ ಊರಿನಲ್ಲಿ ರಾತ್ರಿಯೆಲ್ಲ ಚಾರ್ಜಿಗಿಟ್ಟು ಬೆಳಗ್ಗೆ ಇಳಿಜಾರಿನಲ್ಲೇ ಹೊರಡುವವರಿಗೆ ನಿನ್ನೆ ಸಂಜೆ ಇದ್ದ ಆಸರೆ ಇವತ್ತು ಬೆಳಗ್ಗೆ ಸಿಗುವುದಿಲ್ಲ, ಅದೂ ಅತ್ಯಂತ ಅಗತ್ಯವಿರುವ ಹೊತ್ತಿನಲ್ಲಿ. ಅಲ್ಲದೆ ಈ ಎಳೆತ ಬೀಳುವುದು ಹಿಂದಿನ ಚಕ್ರವೊಂದರ ಮೇಲೆ. ಮಂಗಳೂರಿನ ಮಳೆಯಲ್ಲಿ, ತಿರುವಿನ ನಡುವೆ ಆಕ್ಸಿಲರೇಟರನ್ನು ಥಟ್ಟನೆ ಬಿಟ್ಟರೆ ಹಿಂದಿನ ಟೈರು ಜಾರುವ ಸಾಧ್ಯತೆ ಇರುತ್ತದೆ. ಬಿಳಿ ಪಟ್ಟೆಯ ಬಣ್ಣ, ಮ್ಯಾನ್‌ಹೋಲ್ ಮುಚ್ಚಳ, ಕಾಮಗಾರಿಯವರು ಹಾಸಿದ ಕಬ್ಬಿಣದ ತಗಡು, ಇವು ಒದ್ದೆಯಾದಾಗ ಡಾಂಬರಿಗಿಂತ ಎಷ್ಟೋ ಪಾಲು ಹೆಚ್ಚು ಜಾರುತ್ತವೆ.

ನಿಜವಾದ ನಿಲುಗಡೆ ಸಿಗುವುದು ಮುಂದಿನ ಬ್ರೇಕಿನಿಂದ. ಜೋರಾಗಿ ಬ್ರೇಕ್ ಹಿಡಿದಾಗ ಗಾಡಿಯ ಮತ್ತು ಸವಾರನ ಭಾರ ಮುಂದಿನ ಚಕ್ರಕ್ಕೆ ವಾಲುತ್ತದೆ. ಇಬ್ಬರದೂ ಸೇರಿ 200 ಕಿಲೋ ಇದ್ದು, ನಿಂತಾಗ ಅದು ಎರಡೂ ಚಕ್ರಕ್ಕೆ ಸಮನಾಗಿ ಹಂಚಿದ್ದರೆ, ಮೇಲೆ ಹೇಳಿದ ಪ್ರಮಾಣದ ಬ್ರೇಕಿನಲ್ಲಿ ಮುಂದಿನ ಚಕ್ರದ ಮೇಲೆ ಸುಮಾರು 150 ಕಿಲೋ, ಹಿಂದಿನದರ ಮೇಲೆ ಬರೀ 50 ಕಿಲೋ ಭಾರ ಉಳಿಯುತ್ತದೆ. ಟೈರಿನ ಹಿಡಿತ ಅದರ ಮೇಲಿನ ಭಾರವನ್ನು ಅವಲಂಬಿಸಿರುವುದರಿಂದ, ಹಿಂದಿನ ಬ್ರೇಕನ್ನಷ್ಟೇ ನೆಚ್ಚುವವರು ತಮಗಿರುವ ಹಿಡಿತದ ಸಣ್ಣ ಪಾಲನ್ನು ಮಾತ್ರ ಬಳಸುತ್ತಿರುತ್ತಾರೆ. ಮುಂದಿನ ಬ್ರೇಕ್ ಹಿಡಿದರೆ ಪಲ್ಟಿ ಹೊಡೆಯುತ್ತೇವೆಂಬ ಭಯ ನಮ್ಮಲ್ಲಿ ತಲೆಮಾರಿನಿಂದ ತಲೆಮಾರಿಗೆ ಬಂದಿದೆ. ಎಡಗೈ ಒತ್ತಿದರೆ ಎರಡೂ ಚಕ್ರಕ್ಕೆ ಬ್ರೇಕ್ ಬೀಳುವ ಸಿಬಿಎಸ್ ವ್ಯವಸ್ಥೆ ಬಂದದ್ದು ಇದನ್ನು ಸ್ವಲ್ಪಮಟ್ಟಿಗೆ ಸರಿದೂಗಿಸಲಿಕ್ಕೆ. ಆದರೂ ಖಾಲಿ ಮೈದಾನದಲ್ಲಿ ಎರಡೂ ಬ್ರೇಕನ್ನು ಹಂತಹಂತವಾಗಿ ಬಿಗಿಗೊಳಿಸಿ ನಿಲ್ಲಿಸುವ ಅಭ್ಯಾಸಕ್ಕೆ ಸಾಟಿಯಾದದ್ದಿಲ್ಲ.

ಚಕ್ರದ ಗಾತ್ರಕ್ಕೂ ರಸ್ತೆಯ ಗುಂಡಿಗೂ ನೇರ ಸಂಬಂಧವಿದೆ. 5 ಸೆಂ.ಮೀ. ಎತ್ತರದ ಅಂಚನ್ನು ಹತ್ತಲು ದೊಡ್ಡ ಚಕ್ರದ ಬೈಕಿಗೆ ಆ ಚಕ್ರದ ಮೇಲಿನ ಭಾರದ ಮೂರನೇ ಎರಡು ಭಾಗದಷ್ಟು ಅಡ್ಡಬಲ ಸಾಕಾದರೆ, 12 ಇಂಚಿನ ಸ್ಕೂಟರ್ ಚಕ್ರಕ್ಕೆ ಐದನೇ ನಾಲ್ಕು ಭಾಗದಷ್ಟು ಬೇಕು. ನಿಂತುಕೊಂಡು ಓಡಿಸುವ ಪುಟ್ಟ ಚಕ್ರದ ವಿದ್ಯುತ್ ಸ್ಕೂಟರಿಗೆ ಅದರ ಇಮ್ಮಡಿ ಬಲ ಬೇಕಾಗುತ್ತದೆ, ಅಂದರೆ ಸವಾರ ಮುಗ್ಗರಿಸುವುದು ಬಹುತೇಕ ಖಚಿತ. ಪ್ಯಾರಿಸಿನಲ್ಲಿ ಬಾಡಿಗೆಗೆ ಸಿಗುತ್ತಿದ್ದುದು ಈ ಬಗೆಯದೇ. ಅಪಘಾತಗಳಿಗೂ ಪಾದಚಾರಿ ಮಾರ್ಗದ ಗೊಂದಲಕ್ಕೂ ಬೇಸತ್ತ ಆ ನಗರ 2023ರ ಏಪ್ರಿಲ್‌ನಲ್ಲಿ ಜನಮತ ಕೇಳಿತು. ಮತ ಹಾಕಿದವರ ಸಂಖ್ಯೆ ಕಡಿಮೆಯಿದ್ದರೂ ಅವರಲ್ಲಿ ಶೇ. 89ರಷ್ಟು ಮಂದಿ ಬೇಡವೆಂದರು, ಅದೇ ವರ್ಷದ ಆಗಸ್ಟ್ ಅಂತ್ಯಕ್ಕೆ ಬಾಡಿಗೆ ಸ್ಕೂಟರುಗಳು ಅಲ್ಲಿಂದ ಹೊರಟುಹೋದವು.

ಇಷ್ಟೆಲ್ಲ ಎಚ್ಚರವಿದ್ದರೂ ಬೀಳುವುದು ತಪ್ಪದಿದ್ದಾಗ ಉಳಿಯುವುದು ಹೆಲ್ಮೆಟ್. ಬೆಂಗಳೂರಿನಲ್ಲಿ ಊಟದ ಡಬ್ಬಿ, ದಿನಸಿ ಹೊತ್ತು ಓಡಾಡುವ ಸಾವಿರಾರು ಹುಡುಗರು ಬಳಸುವುದು ಗಂಟೆಗೆ 25 ಕಿ.ಮೀ. ದಾಟದ, 250 ವ್ಯಾಟಿಗಿಂತ ಕಡಿಮೆ ಶಕ್ತಿಯ ಗಾಡಿಗಳನ್ನು. ಕಾನೂನಿನ ಪ್ರಕಾರ ಇವು ಮೋಟಾರು ವಾಹನಗಳೇ ಅಲ್ಲ. ನೋಂದಣಿ ಬೇಡ, ಲೈಸೆನ್ಸ್ ಬೇಡ, ಹೆಲ್ಮೆಟ್ಟಿನ ಕಡ್ಡಾಯವೂ ಇಲ್ಲ. ವೇಗ ಕಡಿಮೆಯಾದ್ದರಿಂದ ಅಪಾಯವೂ ಕಡಿಮೆ ಎಂಬುದು ಇದರ ಹಿಂದಿನ ಎಣಿಕೆ. ತಲೆಯ ಮಟ್ಟಿಗೆ ಇದು ಸರಿಯಲ್ಲ. ಒಂದು ಮೀಟರ್ 60 ಸೆಂ.ಮೀ. ಎತ್ತರದಿಂದ ಯಾವುದೇ ವಸ್ತು ಬಿದ್ದರೂ ನೆಲ ಮುಟ್ಟುವಾಗ ಅದರ ವೇಗ ಗಂಟೆಗೆ 20 ಕಿ.ಮೀ. ಇರುತ್ತದೆ. ಗಾಡಿ ನಿಂತಿದ್ದರೂ ಸರಿಯೇ, ಅಷ್ಟೆತ್ತರದಿಂದ ಉರುಳಿದ ತಲೆ ಕಾಂಕ್ರೀಟಿಗೆ ಬಡಿಯುವುದು ಆ ವೇಗದಲ್ಲೇ. ಬರಿದಲೆ ಕೆಲವೇ ಮಿಲಿಮೀಟರಿನಲ್ಲಿ ನಿಂತುಬಿಡುತ್ತದೆ, 4 ಮಿ.ಮೀ. ಎಂದುಕೊಂಡರೆ ಮಿದುಳಿನ ಮೇಲೆ ಬೀಳುವ ಹೊಡೆತ ಗುರುತ್ವದ 400 ಪಟ್ಟು. ಹೆಲ್ಮೆಟ್ಟಿನೊಳಗಿನ ಥರ್ಮಾಕೋಲ್ ಪದರ 2 ಸೆಂ.ಮೀ.ನಷ್ಟು ಕುಸಿದು ಕೊಟ್ಟರೆ ಅದೇ ಹೊಡೆತ 80 ಪಟ್ಟಿಗೆ ಇಳಿಯುತ್ತದೆ. ಆ ಪದರ ಒಮ್ಮೆ ಕುಸಿದರೆ ಮತ್ತೆ ಉಬ್ಬುವುದಿಲ್ಲವಾದ್ದರಿಂದ, ಹೊರಚಿಪ್ಪು ನೋಡಲು ಚೆನ್ನಾಗಿದ್ದರೂ ಒಂದು ಅಪಘಾತ ಕಂಡ ಹೆಲ್ಮೆಟ್ಟನ್ನು ಮತ್ತೆ ಬಳಸಬಾರದು. ಬರೀ ಪ್ಲಾಸ್ಟಿಕ್ ಬಟ್ಟಲಿನಂಥ, ಪೊಲೀಸರ ಕಣ್ಣಿಗಾಗಿ ಹಾಕುವ ಅರ್ಧ ಹೆಲ್ಮೆಟ್ಟಿನಲ್ಲಿ ಈ ಪದರವೇ ಇರುವುದಿಲ್ಲ. ಒಳ್ಳೆಯ ಹೆಲ್ಮೆಟ್ ಸಾವಿನ ಸಾಧ್ಯತೆಯನ್ನು ಸುಮಾರು ಶೇ. 42ರಷ್ಟು, ತಲೆಗೆ ಪೆಟ್ಟಾಗುವ ಸಾಧ್ಯತೆಯನ್ನು ಶೇ. 69ರಷ್ಟು ತಗ್ಗಿಸುತ್ತದೆ ಎಂದು, ವೈದ್ಯಕೀಯ ಸಂಶೋಧನೆಗಳನ್ನು ಒರೆಗೆ ಹಚ್ಚುವ ಕಾಕ್ರೇನ್ ಸಂಸ್ಥೆಯ 2008ರ ವಿಮರ್ಶೆ ಅನೇಕ ಅಧ್ಯಯನಗಳನ್ನು ಒಟ್ಟುಗೂಡಿಸಿ ತೋರಿಸಿದೆ; ಗಲ್ಲದ ಪಟ್ಟಿ ಬಿಗಿದಿದ್ದರೆ ಮಾತ್ರ ಈ ರಕ್ಷಣೆ ಸಿಗುತ್ತದೆಂದು ಬೇರೆ ಹೇಳಬೇಕಿಲ್ಲ.

ಹೊಸ ದ್ವಿಚಕ್ರ ವಾಹನ ಮಾರುವಾಗ ಜೊತೆಗೆ ಹೆಲ್ಮೆಟ್ ಕೊಡಬೇಕೆಂಬ ನಿಯಮ ಕೇಂದ್ರ ಮೋಟಾರು ವಾಹನ ನಿಯಮಾವಳಿಯಲ್ಲಿ ಈಗಾಗಲೇ ಇದೆ. 25 ಕಿ.ಮೀ. ವೇಗದ ಗಾಡಿಗಳಿಗೂ, ಅವನ್ನು ದಿನದ ಬಾಡಿಗೆಗೆ ಕೊಡುವ ಕಂಪನಿಗಳಿಗೂ ಅದನ್ನು ವಿಸ್ತರಿಸಿದರೆ, ದಿನಕ್ಕೆ ಹತ್ತು ಹನ್ನೆರಡು ಗಂಟೆ ರಸ್ತೆಯ ಮೇಲೇ ಕಳೆಯುವ, ಹೆಲ್ಮೆಟ್ಟಿಗೆ ಕೊಡಬೇಕಾದ ಸಾವಿರ ರೂಪಾಯಿಯನ್ನು ಸಂಬಳದಲ್ಲಿ ಮುರಿದುಕೊಳ್ಳಲಾಗದ ಈ ಹುಡುಗರಿಗೆ ಐಎಸ್ಐ ಗುರುತಿನ ಹೆಲ್ಮೆಟ್ ಗಾಡಿಯ ಜೊತೆಗೇ ಕೈಸೇರುತ್ತದೆ.